ಮೂಲೆಯ ಸ್ಟೂಲು

ಫೆಬ್ರವರಿ ೨, ಸೋಮವಾರ. ತೂಕ ೬೨.೩

ದಿನಾ ಬೆಳಿಗ್ಗೆ ತೂಕ ನೋಡಿ ಬರೆದಿಡಬೇಕೆಂದು ಮೇಷ್ಟ್ರ ಅಪ್ಪಣೆ. "ಬರೆದಿಟ್ರೆ ನಮಗೆ ನಾವೇ ಸುಳ್ಳು ಹೇಳ್ಕೊಳ್ಳೋಕೆ ನಾಚಿಕೆ ಆಗುತ್ತೆ ಕಣಮ್ಮ" ಎಂದರು. ಅಕ್ಕ ಹೊಲಿಗೆಯ ಗಿರಾಕಿಗಳ ಅಳತೆ ಬರೆದುಕೊಳ್ಳುವ ಪುಸ್ತಕಗಳಲ್ಲಿ ಖಾಲಿ ಇದ್ದ ಒಂದನ್ನು ಕೊಟ್ಟಳು. ಪ್ರತಿ ಪುಟದ ನೆತ್ತಿಯಲ್ಲೂ ಎದೆ, ಸೊಂಟ, ತೋಳು ಎಂದು ಅಚ್ಚಾಗಿದೆ. ಅದರ ಕೆಳಗೆ ಇನ್ನು ನನ್ನ ಗೋಳು.

ಒಂಬತ್ತು ವರ್ಷದ ಮೇಲೆ ಮತ್ತೆ ಮೇಷ್ಟ್ರ ಬಾಕ್ಸಿಂಗ್ ಶಾಲೆಯ ಮೆಟ್ಟಿಲು ಹತ್ತಿದ್ದೇನೆ. ಕೆಳಗೆ ಅದೇ ಮುದ್ರಣಾಲಯ, ಮೇಲೆ ಅದೇ ರಿಂಗು. ಯಂತ್ರ ಓಡುವಾಗ ನೆಲ ಅಂದಿನಂತೆಯೇ ಗಡಗಡ ಎನ್ನುತ್ತದೆ. ಬದಲಾಗಿರುವುದು ನನ್ನ ಮಂಡಿ ಮಾತ್ರ. ಹೋದ ವಾರದವರೆಗೂ ನಾನು ಸಿನಿಮಾದಲ್ಲಿ ನಾಯಕಿಯರ ಬದಲಿಗೆ ಬೀಳುವವಳು. ಹೊಡೆತ ಬೀಳುವ ಹೊತ್ತಿಗೆ ನಾಯಕಿಯನ್ನು ಕುರ್ಚಿಯಲ್ಲಿ ಕೂರಿಸಿ, ಅವಳ ಬಟ್ಟೆಯಲ್ಲಿ ನನ್ನನ್ನು ನಿಲ್ಲಿಸುತ್ತಿದ್ದರು. ಕೊನೆಯ ಶೂಟಿಂಗಿನಲ್ಲಿ ಹಣ್ಣಿನ ಗಾಡಿಯ ಮೇಲೆ ಹದಿನಾಲ್ಕು ಸಲ ಬಿದ್ದೆ. ಹದಿನಾಲ್ಕನೆಯದು ಓಕೆ ಆಯಿತು. ನನ್ನ ಸೊಂಟ ಮೂರನೆಯದಕ್ಕೇ ಸಾಕು ಎಂದಿತ್ತು.

ದೊಡ್ಡ ಪಂದ್ಯಾವಳಿ ಜೂನ್ ಎಂಟಕ್ಕೆ ಶುರು. ಆ ದಿನಕ್ಕೆ ನಲವತ್ತು ತುಂಬಿದವರಿಗೆ ಪ್ರವೇಶವಿಲ್ಲ. ನನಗೆ ನಲವತ್ತು ತುಂಬುವುದು ಜೂನ್ ಹನ್ನೊಂದಕ್ಕೆ. ಮೂರೇ ಮೂರು ದಿನದಲ್ಲಿ ಬಚಾವ್. ಆ ತಾರೀಕು ದಾಟಿದರೆ ಕಾಲು ಹಿಡಿದು ಬೇಡಿದರೂ ನನ್ನನ್ನು ರಿಂಗಿಗೆ ಬಿಡುವುದಿಲ್ಲ. ಮನೆಯಲ್ಲಿ ಎರಡು ಬೆಳ್ಳಿ ಪದಕ ಇವೆ, ಚಿನ್ನ ಇಲ್ಲ. ಅದೊಂದು ಬೇಕು. ಯಾರಿಗೂ ಬಾಯಿಬಿಟ್ಟು ಹೇಳಿಲ್ಲ, ಇಲ್ಲಿ ಬರೆದಿದ್ದೇನೆ.

ಫೆಬ್ರವರಿ ೬, ಶುಕ್ರವಾರ. ತೂಕ ೬೧.೯

ಅರವತ್ತು ಕೆ.ಜಿ. ವಿಭಾಗ. ಇನ್ನೂ ಸುಮಾರು ಎರಡು ಕೆ.ಜಿ. ಇಳಿಯಬೇಕು. ಬೇಯಿಸಿದ ಮೊಟ್ಟೆಯ ಬಿಳಿಭಾಗ ನನಗೆ, ಹಳದಿ ಅಕ್ಕನಿಗೆ. "ನಿನ್ನ ಪಥ್ಯಕ್ಕೆ ನಾನು ದಪ್ಪ ಆಗ್ತಿದೀನಿ ಕಣೇ" ಎಂದು ಅವಳ ತಕರಾರು.

ಮೇಷ್ಟ್ರು ಇವತ್ತು ನನ್ನೆದುರು ಒಬ್ಬಳನ್ನು ನಿಲ್ಲಿಸಿದರು. ಇಪ್ಪತ್ತನಾಲ್ಕು ವರ್ಷ, ಸಿಟಿ ಬಸ್ಸಿನಲ್ಲಿ ಕಂಡಕ್ಟರ್. ಎಲ್ಲರೂ ಅವಳನ್ನು ಕಂಡಕ್ಟರ್ ಎಂದೇ ಕರೆಯುತ್ತಾರೆ. ಅವಳ ಎಡಗೈ ಏಟು ನನ್ನ ಕೆನ್ನೆಗೆ ಸವರಿತೋ ಇಲ್ಲವೋ, ನನ್ನ ತಲೆ ಹಿಂದಕ್ಕೆ ಹಾರಿತು, ಮೈ ಅರ್ಧ ಸುತ್ತು ತಿರುಗಿತು, ಕೈಗಳು ಗಾಳಿಗೆ ಹೋದವು. ಇಡೀ ಶಾಲೆ ಹೊಟ್ಟೆ ಹಿಡಿದುಕೊಂಡು ನಕ್ಕಿತು.

"ಇಲ್ಲಿ ಕ್ಯಾಮೆರಾ ಇಲ್ಲ ಕಣಮ್ಮ" ಎಂದರು ಮೇಷ್ಟ್ರು. "ತಾಗದೇ ಇರೋ ಏಟಿಗೆ ನೀನು ಹಾರಿದ್ರೆ ತೀರ್ಪುಗಾರರು ಅವಳಿಗೆ ಅಂಕ ಕೊಡ್ತಾರೆ."

ಅದಕ್ಕಿಂತ ಕೆಟ್ಟದ್ದು ಇನ್ನೊಂದು. ನನ್ನ ಬಲಗೈ ಅವಳ ಮೂಗಿನ ಹತ್ತಿರ ಹೋಗಿ, ಒಂದು ಅಂಗುಲ ಹಿಂದೆಯೇ ನಿಂತುಬಿಟ್ಟಿತು. ನಾನು ನಿಲ್ಲಿಸಲಿಲ್ಲ, ಅದೇ ನಿಂತಿತು. ಸಿನಿಮಾದಲ್ಲಿ ಆ ಒಂದು ಅಂಗುಲವೇ ನನ್ನ ಅನ್ನ. ಅದನ್ನು ದಾಟಿದರೆ ಯಾರದೋ ಹಲ್ಲು ಹೋಗುತ್ತದೆ, ನನ್ನ ಕೆಲಸ ಹೋಗುತ್ತದೆ. ಕೈಗೆ ಈಗ ಯಾರು ಬುದ್ಧಿ ಹೇಳಬೇಕೋ ಗೊತ್ತಿಲ್ಲ.

ಫೆಬ್ರವರಿ ೧೯, ಗುರುವಾರ. ತೂಕ ೬೧.೪

ಸಿನಿಮಾದ ಫೈಟ್ ಮಾಸ್ಟರ್ ಫೋನ್ ಮಾಡಿದ್ದ. ಜೈಲಿನ ಕಾವಲುಗಾರ್ತಿಯ ಪಾತ್ರವಂತೆ, ಎರಡು ಡೈಲಾಗ್ ಇದೆಯಂತೆ. "ಬೀಳೋದೇ ಇಲ್ಲ ಇದ್ರಲ್ಲಿ, ಬರೀ ನಟನೆ!" ಎಂದು ಆಸೆ ತೋರಿಸಿದ. ಜೂನ್‌ವರೆಗೆ ಆಗುವುದಿಲ್ಲ ಎಂದೆ. ಒಂಬತ್ತು ವರ್ಷದಲ್ಲಿ ನನಗೆ ಸಿಕ್ಕಿದ್ದು ಒಂದೇ ಡೈಲಾಗ್: "ಹಿಂದೆ ನೋಡಬೇಡ, ಓಡು." ಅದನ್ನು ಕನ್ನಡಿ ಮುಂದೆ ವಾರಗಟ್ಟಲೆ ಹೇಳಿದ್ದೆ. ಅಕ್ಕನನ್ನು ಕರೆದುಕೊಂಡು ಹೋಗಿ ನೋಡಿದರೆ ತೆರೆಯ ಮೇಲೆ ಬಾಯಿ ನನ್ನದು, ದನಿ ಇನ್ಯಾರದೋ. ಅಕ್ಕ ಕತ್ತಲಲ್ಲಿ ನನ್ನ ಕೈ ಹಿಡಿದು, "ಬಾಯಿ ಚೆನ್ನಾಗಿ ಆಡಿಸಿದೀಯ" ಎಂದಳು.

ಸಿನಿಮಾಕ್ಕೆ ಹೋಗಿದ್ದೇ ಸಿಟ್ಟಿನಿಂದ. ಒಂಬತ್ತು ವರ್ಷದ ಹಿಂದೆ, ನನ್ನ ಎರಡನೇ ಫೈನಲ್‌ನಲ್ಲಿ, ಕೊನೆಯ ಸುತ್ತು ನಡೆಯುತ್ತಿರುವಾಗ ಮೇಷ್ಟ್ರು ಟವೆಲ್ ಎಸೆದರು. ಮೂಲೆಯಿಂದ ಟವೆಲ್ ರಿಂಗಿಗೆ ಬಿತ್ತೆಂದರೆ, ನಮ್ಮವಳಿಗೆ ಸಾಕು, ನಿಲ್ಲಿಸಿ ಎಂದರ್ಥ. ನಾನು ಬಿದ್ದಿರಲಿಲ್ಲ. ಎರಡು ಕಾಲ ಮೇಲೆ ನಿಂತಿದ್ದೆ. ಅಂಕವೂ ಸಮ ಇತ್ತು. ಆ ಟವೆಲ್ ಎತ್ತಿ ಅವರ ಮುಖಕ್ಕೇ ಬಿಸಾಕಿ ಹೊರಟುಬಂದೆ. ಎರಡು ವರ್ಷ ಅವರ ಜೊತೆ ಮಾತಿರಲಿಲ್ಲ. ಆಮೇಲೆ ಮಾತು ಬಂತು, ಆದರೆ ಆ ವಿಷಯ ಅವರೂ ಎತ್ತಿಲ್ಲ, ನಾನೂ ಎತ್ತಿಲ್ಲ. ಇನ್ನೊಂದು ಸಲ ಯಾರಾದರೂ ಹಾಗೆ ಮಾಡಿದರೆ ಆ ಕೈ ಕಚ್ಚುತ್ತೇನೆ.

ಮಾರ್ಚ್ ೪, ಬುಧವಾರ. ತೂಕ ೬೧.೨

ಮೇಷ್ಟ್ರು ಇವತ್ತು ಲೋಟದ ಪಕ್ಕದಲ್ಲಿ ನೀರು ಸುರಿದರು. ಒರೆಸಲು ಹೋದವಳಿಗೆ, "ಇರ್ಲಿ ಬಿಡು, ನೆಲಕ್ಕೂ ಬಾಯಾರಿಕೆ" ಎಂದು ನಕ್ಕರು. ಎಡಗಣ್ಣು ಹೆಚ್ಚೂಕಡಿಮೆ ಹೋಗಿದೆಯಂತೆ. ಬಲಗಣ್ಣಿಗೆ ಮುಂದಿನ ವಾರ ಆಪರೇಷನ್.

"ಹದಿನೈದು ದಿನ ಕಂಡಕ್ಟರ್‌ಗೆ ಪ್ಯಾಡ್ ಹಿಡಿ" ಎಂದರು. ಪ್ಯಾಡ್ ಎಂದರೆ ಅಂಗೈಗೆ ಕಟ್ಟಿಕೊಳ್ಳುವ ದಪ್ಪ ಚರ್ಮದ ದಿಂಬು. ಕಲಿಸುವವರು ಹಿಡಿಯಬೇಕು, ಕಲಿಯುವವರು ಗುದ್ದಬೇಕು.

"ನಾನು ಆಡೋಕೆ ಬಂದಿದೀನಿ ಮೇಷ್ಟ್ರೇ, ಆಡಿಸೋಕಲ್ಲ."

"ಹದಿನೈದೇ ದಿನ ಕಣಮ್ಮ."

ಎಲ್ಲರನ್ನೂ ಬಿಟ್ಟು ನನ್ನನ್ನೇ ಕೇಳುತ್ತಾರೆ. ಕಣ್ಣಿಲ್ಲದವರ ಮುಂದೆ ಜಗಳ ಆಡುವುದಾದರೂ ಹೇಗೆ? ಹೂಂ ಎಂದೆ. ಇಡೀ ದಿನ ತಲೆ ಸಿಡಿಯುತ್ತಿತ್ತು.

ಮಾರ್ಚ್ ೧೦, ಮಂಗಳವಾರ. ತೂಕ ೬೧.೦

ಈ ಕಂಡಕ್ಟರ್ ವಿಚಿತ್ರದ ಹೆಣ್ಣು. ಎಡಗೈ ಹೇಳದೆಯೇ ಮೇಲಿರುತ್ತದೆ, ದಿನಕ್ಕೆ ಹತ್ತು ಗಂಟೆ ಬಸ್ಸಿನ ಕಂಬಿ ಹಿಡಿದು ಅಭ್ಯಾಸ. ಕಾಲು ಯಾವಾಗಲೂ ಅಗಲ, ಬ್ರೇಕ್ ಹಾಕಿದರೂ ಬೀಳುವವಳಲ್ಲ. ಗುದ್ದುವಾಗ ಬಾಯಲ್ಲಿ "ಮುಂದೆ ಹೋಗಿ, ಮುಂದೆ ಹೋಗಿ" ಎಂದು ಗೊಣಗುತ್ತಾಳೆ. ಸುತ್ತು ಮುಗಿದ ಮೇಲೆ ಒಂದು ನಿಮಿಷ ಬಿಡುವಿರುತ್ತದೆ, ಮೂಲೆಯಲ್ಲಿ ಸ್ಟೂಲು ಇರುತ್ತದೆ, ಮಹಾರಾಣಿ ಅದರಲ್ಲಿ ಕೂರುವುದಿಲ್ಲ.

"ಕೂತ್ರೆ ನಿದ್ದೆ ಬರುತ್ತೆ ಮೇಡಂ. ನಾನು ನಿಂತೇ ಸುಧಾರಿಸ್ಕೊಳ್ಳೋದು."

ಅವಳ ದೊಡ್ಡ ರೋಗ ಗದ್ದ. ಟಿಕೆಟ್ ತೆಗೆದುಕೊಳ್ಳದವರನ್ನು ತಲೆಗಳ ಮೇಲಿಂದ ಹುಡುಕಿ ಹುಡುಕಿ ಗದ್ದ ಆಕಾಶ ನೋಡುತ್ತದೆ. ಎದುರಾಳಿಗೆ ಅದಕ್ಕಿಂತ ಒಳ್ಳೆಯ ಉಡುಗೊರೆ ಇಲ್ಲ. ಹಳೆಯ ಟಿಕೆಟ್ ಕಟ್ಟೊಂದನ್ನು ಅವಳ ಗದ್ದಕ್ಕೂ ಎದೆಗೂ ನಡುವೆ ಸಿಕ್ಕಿಸಿ, ಬೀಳಿಸಿದರೆ ಇಪ್ಪತ್ತು ದಂಡ ಎಂದೆ. ಇಪ್ಪತ್ತು ಬಸ್ಕಿ. ಇವತ್ತು ನೂರೆಂಬತ್ತು ಬಸ್ಕಿ ಹೊಡೆದಳು. ನಾಳೆ ಕಡಿಮೆ ಆಗುತ್ತದೆ.

ಮಾರ್ಚ್ ೨೧, ಶನಿವಾರ. ತೂಕ ೬೦.೮

ಪಂದ್ಯಾವಳಿಯ ನಿಯಮ ಬಂತು. ಒಂದು ವಿಭಾಗಕ್ಕೆ ಒಂದು ಶಾಲೆಯಿಂದ ಒಬ್ಬರೇ. ಅವಳೂ ಅರವತ್ತು, ನಾನೂ ಅರವತ್ತು.

ಐವತ್ತೇಳಕ್ಕೆ ಇಳಿ ಎಂದು ಅವಳನ್ನು ಕೇಳಿನೋಡಿದೆ. "ಹೊಟ್ಟೆ ಖಾಲಿ ಇಟ್ಕೊಂಡು ಬಸ್ಸಲ್ಲಿ ನಿಂತ್ರೆ ನಾನು ಪ್ರಯಾಣಿಕರ ಮಡಿಲಲ್ಲೇ ಬೀಳೋದು ಮೇಡಂ" ಎಂದಳು. ಆಮೇಲೆ ಮೆಲ್ಲಗೆ, "ನೀವು ಮೇಲೆ ಹೋಗಬಹುದಲ್ವಾ?" ಎಂದಳು. ಅರವತ್ತಾರರಲ್ಲಿ ಎಂಥೆಂಥವರಿರುತ್ತಾರೆಂದು ಇವಳಿಗೇನು ಗೊತ್ತು.

ಮೇಷ್ಟ್ರು ಕಣ್ಣಿಗೆ ಪಟ್ಟಿ ಕಟ್ಟಿಕೊಂಡೇ ತೀರ್ಪು ಕೊಟ್ಟರು. ಏಪ್ರಿಲ್ ಇಪ್ಪತ್ತಾರಕ್ಕೆ ನಮ್ಮಿಬ್ಬರ ನಡುವೆ ಆಯ್ಕೆ ಪಂದ್ಯ. ಅಲ್ಲಿಯವರೆಗೆ ಪ್ಯಾಡ್ ನಾನೇ ಹಿಡಿಯಬೇಕಂತೆ. ನನ್ನನ್ನು ಹೊಡೆಯುವವಳಿಗೆ ನಾನೇ ಪಾಠ ಹೇಳಬೇಕು. ಅಕ್ಕನಿಗೆ ಹೇಳಿದರೆ ಬಾಯಿಗೆ ಗುಂಡುಸೂಜಿ ಕಚ್ಚಿಕೊಂಡಿದ್ದವಳು ನಗಲು ಹೋಗಿ ಚುಚ್ಚಿಕೊಂಡಳು.

ಏಪ್ರಿಲ್ ೫, ಭಾನುವಾರ. ತೂಕ ೬೦.೭

ಪಕ್ಕದ ಶಾಲೆಯವರ ಜೊತೆ ಸ್ನೇಹಪಂದ್ಯ. ಕಂಡಕ್ಟರ್ ಸೋತಳು. ಗದ್ದ ಕೆಳಗೇ ಇತ್ತು, ಕಾಲು ಸರಿ ಇತ್ತು, ಏಟಿನ ಮೇಲೆ ಏಟು. ಒಂದೂ ತಾಗಲಿಲ್ಲ. ಎಲ್ಲವೂ ಎದುರಾಳಿಯ ಮುಖದ ಮುಂದೆ, ಕೂದಲೆಳೆಯಷ್ಟು ಹಿಂದೆ ಮುಗಿದುಹೋದವು. ಕೆಳಗಿಳಿದು ತನ್ನ ತೋಳುಗಳನ್ನೇ ನೋಡಿಕೊಳ್ಳುತ್ತಿದ್ದಳು.

ನನಗೆ ಖುಷಿಯಾಯಿತು. ಬರೆದೇಬಿಡುತ್ತೇನೆ, ಇಲ್ಲಿ ಓದುವವರು ಯಾರು. ಇಪ್ಪತ್ತಾರರ ಪಂದ್ಯ ನನ್ನದೇ.

ಏಪ್ರಿಲ್ ೮, ಬುಧವಾರ. ತೂಕ ೬೦.೬

ಮೇಷ್ಟ್ರು ಕುರ್ಚಿ ಹಾಕಿಸಿಕೊಂಡು ರಿಂಗಿನ ಪಕ್ಕ ಕುಳಿತರು. ಕಪ್ಪು ಕನ್ನಡಕ, ಕೈಯಲ್ಲಿ ಕೋಲು. ನಾವು ಪ್ಯಾಡ್ ಕೆಲಸ ಮಾಡುವುದನ್ನು ಕೇಳಿಸಿಕೊಂಡರು. ಮೂರು ಸುತ್ತು ಮುಗಿಯಿತು.

"ಶಬ್ದ ಬಹಳ ಚೆನ್ನಾಗಿ ಬರ್ತಿದೆ" ಎಂದರು ಕೊನೆಗೆ. ಅಷ್ಟೇ. ಕೋಲು ಊರಿಕೊಂಡು ಎದ್ದು ಹೋದರು.

ಅವರು ಯಾರನ್ನೂ ಹೊಗಳುವವರಲ್ಲ. ಮನೆಗೆ ನಡೆದುಬರುವಾಗ ಹೊಳೆಯಿತು. ಸಿನಿಮಾದಲ್ಲಿ ಗುದ್ದು ನಿಂತಲ್ಲಿಗೆ ನಾವೇ ಮುಖ ತಂದು ಸೇರಿಸುತ್ತೇವೆ. ಪ್ಯಾಡ್ ಹಿಡಿದಾಗಲೂ ನನ್ನ ಕೈ ಅದನ್ನೇ ಮಾಡುತ್ತಿದೆ. ಅವಳ ಮುಷ್ಟಿ ಬರುವ ಮೊದಲೇ ಪ್ಯಾಡ್ ಒಂದು ಅಂಗುಲ ಮುಂದೆ ಹೋಗಿ ಎದುರುಗೊಳ್ಳುತ್ತದೆ. ಫಟ್ ಎಂದು ಒಳ್ಳೆಯ ಶಬ್ದ ಬರುತ್ತದೆ. ಅವಳ ಕೈಯೂ ಅಲ್ಲಿಗೇ ಮುಗಿಯುವುದನ್ನು ಕಲಿತಿದೆ. ತಿಂಗಳಿಡೀ ಅವಳಿಗೆ ತಾಗದ ಹಾಗೆ ಹೊಡೆಯುವುದನ್ನು ಕಲಿಸಿದ್ದೇನೆ.

ಏಪ್ರಿಲ್ ೯, ಗುರುವಾರ. ತೂಕ ೬೦.೬

ಹೇಳಲಿಲ್ಲ.

ಏಪ್ರಿಲ್ ೧೩, ಸೋಮವಾರ. ತೂಕ ೬೦.೪

ಇವತ್ತೂ ಹೇಳಲಿಲ್ಲ. ಇನ್ನು ಹದಿಮೂರು ದಿನ ಸುಮ್ಮನಿದ್ದರೆ ಸಾಕು. ಮೋಸ ಮಾಡಬೇಕಾಗಿಲ್ಲ, ಏನೂ ಮಾಡದಿದ್ದರೆ ಆಯಿತು. ಮೇಷ್ಟ್ರು ಬಂದು ಕೂರುತ್ತಾರೆ, ಕೇಳುತ್ತಾರೆ, ಹೋಗುತ್ತಾರೆ.

ಮುಗಿಸಿ ಹೊರಡುವಾಗ ನೋಡಿದೆ, ಕಂಡಕ್ಟರ್ ಬಾಗಿಲ ಮೇಲಿನ ಕಬ್ಬಿಣದ ಸರಳಿಗೆ ಜೋತುಬಿದ್ದಿದ್ದಳು. ಏನೇ ಇದು ಎಂದೆ. "ಕೈ ಗಿಡ್ಡ ಅಲ್ವಾ ಮೇಡಂ, ದಿನಾ ಹತ್ತು ನಿಮಿಷ ಜೋತಾಡಿದ್ರೆ ಉದ್ದ ಆಗುತ್ತಂತೆ. ಬಸ್ಸಲ್ಲೂ ಮಾಡ್ತೀನಿ, ಕೊನೇ ಸ್ಟಾಪಲ್ಲಿ ಎಲ್ಲ ಇಳಿದ ಮೇಲೆ."

ಊಟ ಸೇರಲಿಲ್ಲ.

ಏಪ್ರಿಲ್ ೧೪, ಮಂಗಳವಾರ. ತೂಕ ೬೦.೨

ಹೇಳಿದೆ. ತಪ್ಪು ನಿನ್ನ ಕೈಯದಲ್ಲ, ನನ್ನ ಕೈಯದು ಎಂದೆ. "ಹಾಗಾದ್ರೆ ನನ್ನ ಕೈ ಗಿಡ್ಡ ಅಲ್ವಾ?" ಎಂದಳು. ಅಲ್ಲ ಎಂದೆ. ಕುಣಿದಾಡಿಬಿಟ್ಟಳು. ಬೈಯುತ್ತಾಳೆಂದು ಸಿದ್ಧಳಾಗಿ ಹೋಗಿದ್ದೆ.

ಅಕ್ಕ ದಪ್ಪ ಕ್ಯಾನ್‌ವಾಸಿನ ಒಂದು ಪಟ್ಟಿ ಹೊಲಿದುಕೊಟ್ಟಿದ್ದಾಳೆ. ಅದನ್ನು ನನ್ನ ಎರಡೂ ಮೊಣಕೈ ಸೇರಿಸಿ ಪಕ್ಕೆಗೆ ಬಿಗಿದು ಕಟ್ಟಿಕೊಂಡರೆ ಪ್ಯಾಡ್ ಮುಂದೆ ಹೋಗಲಾರದು. ಅವಳೇ ಪೂರ್ತಿ ಬರಬೇಕು. ಮೊದಲ ದಿನ ಶಬ್ದ ಮೊದ್ದು ಮೊದ್ದಾಗಿ ಬಂತು. ಮೇಷ್ಟ್ರು ಕುರ್ಚಿಯಲ್ಲೇ ತಲೆಯಾಡಿಸಿದರು.

ಏಪ್ರಿಲ್ ೨೬, ಭಾನುವಾರ. ತೂಕ ೫೯.೯

ಸೋತೆ.

ಮೊದಲ ಸುತ್ತು ನನ್ನದು. ಎರಡನೆಯದರಲ್ಲಿ ಅವಳ ಬಲಗೈ ಬರುವುದನ್ನು ಕಂಡೆ. ಎಲ್ಲಿ ಮುಗಿಯುತ್ತದೆಂದು ನನಗೆ ಚೆನ್ನಾಗಿ ಗೊತ್ತು ಎಂದುಕೊಂಡು ನಿಂತೆ. ಅಲ್ಲಿ ಮುಗಿಯಲಿಲ್ಲ. ಇನ್ನೂ ಒಂದು ಅಂಗುಲ ಬಂತು. ಕಣ್ಣು ಬಿಟ್ಟಾಗ ನಾನು ನೆಲದ ಮೇಲೆ, ಕಾಲು ಚಾಚಿ, ಆಟಿಕೆ ಕಸಿದುಕೊಂಡ ಮಗುವಿನ ಹಾಗೆ ಕುಂಡೆ ಊರಿ ಕುಳಿತಿದ್ದೆ. ಎಂಟು ಎಣಿಸುವಷ್ಟರಲ್ಲಿ ಎದ್ದೆ. ಮೂರನೇ ಸುತ್ತೂ ಆಡಿದೆ. ಹೊರಗಿನಿಂದ ಬಂದ ತೀರ್ಪುಗಾರರು ಮೂವರೂ ಅವಳ ಕೈ ಎತ್ತಿಸಿದರು.

ಅವಳು ಕೈ ಬಿಡಿಸಿಕೊಂಡು ನೇರ ನನ್ನ ಹತ್ತಿರ ಬಂದಳು. ಮುಖ ಕೆಂಡ. "ನೀವು ಬೇಕೂಂತ ಬಿದ್ರಿ ಅಲ್ವಾ?"

"ಇಲ್ಲ ಕಣೇ."

"ಸುಳ್ಳು. ನೀವು ಬೀಳೋದ್ರಲ್ಲೇ ಹೆಸರು ಮಾಡಿದೋರು. ನಂಗೆ ದಾನ ಬೇಡ ಮೇಡಂ. ನಾನು ಹೋಗಲ್ಲ ಪಂದ್ಯಕ್ಕೆ."

ಎಲ್ಲರ ಮುಖದಲ್ಲೂ ಅದೇ ಅನುಮಾನ. ಮೂಗಿನಿಂದ ರಕ್ತ ಸುರಿಯುತ್ತಿದೆ, ಸುಮಾರು ಮೂರು ತಿಂಗಳು ಹಳದಿ ತಿನ್ನದೆ ಇಳಿಸಿದ ಮೈ, ನಿಜವಾಗಿ ಬಿದ್ದಿದ್ದೇನೆ, ಒಬ್ಬರೂ ನಂಬುವುದಿಲ್ಲ! ಮೈಯೆಲ್ಲ ಉರಿಯಿತು.

"ಬೇಕೂಂತ ಬೀಳೋದಾದ್ರೆ ಹಾಗೆ ಬೀಳ್ತೀನಾ?" ಎಂದು ಕಿರುಚಿದೆ. "ಬೇಕೂಂತ ಬೀಳೋದು ಹೇಗಿರುತ್ತೆ ಗೊತ್ತಾ? ನೋಡು!"

ಬಿದ್ದೆ. ಹಗ್ಗಕ್ಕೆ ತಗುಲಿ, ತಿರುಗಿ, ಮೂಲೆಯ ಸ್ಟೂಲಿನ ಮೇಲೆ ಉರುಳಿ, ಅದನ್ನೂ ಹಾರಿಸಿಕೊಂಡು, ಕೈ ಒಂದು ಕಡೆ ಕೂದಲೊಂದು ಕಡೆ ಹರಡಿ, ಒಂದೇ ಟೇಕಿನಲ್ಲಿ. ಒಂಬತ್ತು ವರ್ಷದಲ್ಲಿ ಅಷ್ಟು ಚಂದ ಬಿದ್ದಿರಲಿಲ್ಲ. ಯಾರೋ ಚಪ್ಪಾಳೆ ಕೂಡ ತಟ್ಟಿದರು. ಮಲಗಿದಲ್ಲಿಂದಲೇ, "ಈಗ ನಂಬ್ತೀಯಾ?" ಎಂದೆ. ಕಂಡಕ್ಟರ್ ಅಳುತ್ತ ನಗುತ್ತ ನನ್ನನ್ನು ಎಬ್ಬಿಸಿದಳು. ನಂಬಿದಳು.

ಚಿನ್ನ ಮುಗಿಯಿತು.

ಏಪ್ರಿಲ್ ೨೭, ಸೋಮವಾರ

ಏಳಲಿಲ್ಲ. ಅಕ್ಕ ಎರಡು ಮೊಟ್ಟೆ ಹಳದಿಯ ಸಮೇತ ತಂದಿಟ್ಟಳು. ತಿಂದೆ. ಏನೂ ರುಚಿಯಿಲ್ಲ.

ಮೇ ೮, ಶುಕ್ರವಾರ

ಫೈಟ್ ಮಾಸ್ಟರ್ ಕರೆದ, ಹೋದೆ. ಎಷ್ಟು ದಿನ ಗೋಡೆ ನೋಡಿಕೊಂಡು ಕೂರುವುದು. ಒಂದು ಬೀಳುವ ಕೆಲಸ, ಮೆಟ್ಟಿಲಿನಿಂದ. ನನ್ನನ್ನು ಬೀಳಿಸಬೇಕಾದ ನಾಯಕಿ ಹೆಬ್ಬೆರಳನ್ನು ಮುಷ್ಟಿಯೊಳಗೆ ಮುಚ್ಚಿಕೊಂಡಿದ್ದಳು. ಹಾಗೆ ಗುದ್ದಿದರೆ ಮುರಿಯುತ್ತದೆ ಎಂದು ಬಿಡಿಸಿ ತೋರಿಸಿದೆ. ಆಮೇಲೆ ಅವಳ ಹಿಂಗಾಲು ಸರಿಪಡಿಸಿದೆ. ಆಮೇಲೆ ಗದ್ದ. ಕಾಲು ಗಂಟೆ ಹೋಯಿತು.

"ಅಮ್ಮಾ ತಾಯಿ, ನೀನು ಬಿದ್ದು ಮನೆಗೆ ಹೋಗು" ಎಂದ ಫೈಟ್ ಮಾಸ್ಟರ್.

ಬಿದ್ದು ಮನೆಗೆ ಬಂದೆ. ದಾರಿಯಲ್ಲಿ ಶಾಲೆಗೆ ಇಣುಕಿದರೆ ಕಂಡಕ್ಟರ್‌ಗೆ ಯಾರೋ ಹೊಸಬ ಪ್ಯಾಡ್ ಹಿಡಿಯುತ್ತಿದ್ದ. ಮೊಣಕೈ ಎಲ್ಲೆಲ್ಲೋ ಹಾರುತ್ತಿತ್ತು. ನೋಡಲಾಗಲಿಲ್ಲ. ಕಿತ್ತುಕೊಂಡೆ.

ಮೇ ೧೯, ಮಂಗಳವಾರ. ತೂಕ ೬೦.೩

ನಿನ್ನೆಗಿಂತ ಇನ್ನೂರು ಗ್ರಾಂ ಹೆಚ್ಚು. ಕಂಡಕ್ಟರ್ ಡಿಪೋ ಕ್ಯಾಂಟೀನಿನಲ್ಲಿ ಬನ್ ತಿಂದಿದ್ದಾಳೆ. ಕೇಳಿದರೆ ಇಲ್ಲವಂತೆ, ಡ್ರೈವರ್ ತಿಂದಿದ್ದನ್ನು ನೋಡಿದಳಂತೆ. ನೋಡಿದರೆ ತೂಕ ಬರುವ ಬನ್ನು ಯಾವುದೋ! ನಾಳೆಯಿಂದ ಮಧ್ಯಾಹ್ನದ ಡಬ್ಬಿ ನಮ್ಮ ಮನೆಯಿಂದಲೇ. ಅಕ್ಕ ಒಪ್ಪಿದ್ದಾಳೆ.

ಜೂನ್ ೩, ಬುಧವಾರ. ತೂಕ ೫೯.೮

ಒಳ್ಳೆಯದು. ಎಡಗೈ ಏಟು ವಾಪಸು ಬರುವಾಗ ಇಳಿಯುತ್ತಿದೆ, ಅದೊಂದನ್ನು ನೋಡಬೇಕು. ಅವಳಿಗೆ ಏಳರಿಂದ ಹದಿಮೂರರವರೆಗೆ ಡಿಪೋದಲ್ಲಿ ರಜೆ ಕೊಡಿಸಿದೆ. ಮ್ಯಾನೇಜರ್ ನನ್ನನ್ನು ದಿಟ್ಟಿಸಿ, "ನೀವು ಯಾವುದೋ ಸಿನಿಮಾದಲ್ಲಿ..." ಎಂದ. ಹೌದು, ಹಣ್ಣಿನ ಗಾಡಿ ಎಂದೆ. ಸಹಿ ಹಾಕಿದ. ಬಿದ್ದಿದ್ದಕ್ಕೆ ಅಷ್ಟಾದರೂ ಪ್ರಯೋಜನವಾಯಿತು.

ಮೇಷ್ಟ್ರಿಗೆ ಬಲಗಣ್ಣೂ ಮಸುಕೇ. ಎದುರಿಗೆ ಬೆರಳು ಹಿಡಿದರೆ ಎಣಿಸುತ್ತಾರೆ, ರಿಂಗಿನ ಆಚೆ ಬದಿ ಕಾಣುವುದಿಲ್ಲ. ಮೂಲೆಯಲ್ಲಿ ನಾನೇ ನಿಲ್ಲಬೇಕಂತೆ. ಸ್ಟೂಲು, ಬಕೆಟ್ಟು, ಟವೆಲ್ ಎಲ್ಲ ನನ್ನ ಕೈಗೆ ಕೊಟ್ಟರು.

ಜೂನ್ ೮, ಸೋಮವಾರ. ತೂಕ ೫೯.೭

ಮೊದಲ ಪಂದ್ಯ ಗೆದ್ದಳು. ಬಿಡುವಿನ ಒಂದು ನಿಮಿಷದಲ್ಲಿ ನಾನು ಐವತ್ತು ಸೆಕೆಂಡ್ ಮಾತಾಡಿದೆನಂತೆ. "ಮೇಡಂ, ಒಂದ್ಸಲಕ್ಕೆ ಒಂದೇ ಸ್ಟಾಪ್ ಹೇಳಿ" ಎಂದಳು. ನಾಳೆಯಿಂದ ಒಂದೇ ಮಾತು.

ಜೂನ್ ೧೧, ಗುರುವಾರ. ತೂಕ ೫೯.೯

ಬೆಳಿಗ್ಗೆ ಅಕ್ಕ ಹೊಸದೊಂದು ಅಂಗಿ ಹೊಲಿದಿಟ್ಟಿದ್ದಳು, ನೀಲಿ, ನನ್ನ ಅಳತೆಗೆ ಸರಿಯಾಗಿ. ಮೂಲೆಯಲ್ಲಿ ನಿಲ್ಲುವವರು ನೀಟಾಗಿರಬೇಕೆಂದು ಇರಬಹುದು. ಏನೋ ಹೇಳಲು ಬಂದಳು. ಬಸ್ ಹೊರಡುವ ಹೊತ್ತಾಗಿತ್ತು, ಕೇಳಿಸಿಕೊಳ್ಳಲಿಲ್ಲ.

ಫೈನಲ್. ಎದುರಾಳಿ ಎಡಗೈಯವಳು, ಉದ್ದ. ಮೊದಲ ಸುತ್ತು ಅವಳದು. "ಗದ್ದ" ಎಂದೆ. ಎರಡನೇ ಸುತ್ತು ನಮ್ಮದು, ಕಂಡಕ್ಟರ್ ಮುಂದೆ ಹೋಗಿ ಮುಂದೆ ಹೋಗಿ ಎನ್ನುತ್ತ ಅವಳನ್ನು ಹಗ್ಗಕ್ಕೆ ಒತ್ತಿದಳು. ಆದರೆ ಗಂಟೆ ಹೊಡೆಯುವ ಮುಂಚೆ ಕಿವಿಯ ಹಿಂದೆ ಒಂದು ಏಟು ತಿಂದಳು. ದೊಡ್ಡದೇನೂ ಕಾಣಲಿಲ್ಲ. ಸಭಾಂಗಣ ಅದನ್ನು ಗಮನಿಸಲೂ ಇಲ್ಲ.

ಮೂಲೆಗೆ ಬಂದು ಸ್ಟೂಲಿನ ಮೇಲೆ ಕುಳಿತಳು.

ನಾಲ್ಕು ತಿಂಗಳಲ್ಲಿ ಅವಳು ಕೂತಿದ್ದನ್ನು ನಾನು ಕಂಡಿರಲಿಲ್ಲ. "ಹೇಗಿದೀಯ?" ಎಂದೆ. "ಸೂಪರ್ ಮೇಡಂ" ಎಂದು ನಕ್ಕಳು. ಒಳ್ಳೆಯ ನಗು. ಒಂಬತ್ತು ವರ್ಷ ನಾನು ಬದುಕಿದ್ದು ಅಂಥ ನಗುವಿನ ನಡುವೆಯೇ. ಕ್ಯಾಮೆರಾ ನಂಬುತ್ತಿತ್ತು. ವೈದ್ಯರು ಬಂದು ಕಣ್ಣಿಗೆ ದೀಪ ಹಿಡಿದು ನೋಡಿ ಬೆರಳು ಎಣಿಸು ಎಂದರು, ಎಣಿಸಿದಳು, ಬಿಟ್ಟರು. ನಾನೂ ಬಿಟ್ಟೆ. ಅದೇ ನನ್ನ ತಪ್ಪು. ಅಲ್ಲೇ ನಿಲ್ಲಿಸಬೇಕಿತ್ತು. ಚಿನ್ನ ಮೂರು ನಿಮಿಷದ ದೂರದಲ್ಲಿತ್ತು.

ಮೂರನೇ ಸುತ್ತಿನಲ್ಲಿ ಅವಳೇ ಮುಂದಿದ್ದಳು. ಜನ ಎದ್ದು ನಿಂತು ಕೂಗುತ್ತಿದ್ದರು. ನಾನು ಕಾಲು ಮಾತ್ರ ನೋಡುತ್ತಿದ್ದೆ. ಓಡುವ ಬಸ್ಸಿನಲ್ಲೂ ಅಗಲವಾಗಿರುವ ಆ ಕಾಲುಗಳು ಹತ್ತಿರ ಬಂದವು. ಇನ್ನೂ ಹತ್ತಿರ ಬಂದವು. ಒಂದಕ್ಕೊಂದು ತಾಗಿದವು. ಮೇಲೆ ಕೈ ಆಡುತ್ತಿತ್ತು, ಮುಖ ನಗುತ್ತಿತ್ತು. ನಟನೆ ಮಾಡುತ್ತಿದ್ದಾಳೆ ಎಂದು ಆ ಸಭಾಂಗಣದಲ್ಲಿ ನನ್ನೊಬ್ಬಳಿಗೆ ಗೊತ್ತು.

ಟವೆಲ್ ಎಸೆದೆ.

ರೆಫರಿ ಕೈ ಬೀಸಿ ನಿಲ್ಲಿಸಿದ. ಜನ ನನ್ನ ಮೇಲೆ ಕೂಗಿದರು. ಕಂಡಕ್ಟರ್ ಬಂದು, "ನಾನು ನಿಂತಿದ್ದೆ! ನಾನು ನಿಂತೇ ಇದ್ದೆನಲ್ಲಾ!" ಎಂದು ನನ್ನ ಎದೆಗೆ ಗುದ್ದಿದಳು. ಪೂರ್ತಿ ಗುದ್ದು, ಒಂದು ಅಂಗುಲವೂ ಬಾಕಿಯಿಲ್ಲ. ಮೂರನೇ ಗುದ್ದಿಗೆ ಕೈ ಸೋತು ನನ್ನ ಮೇಲೆಯೇ ಒರಗಿ ವಾಂತಿ ಮಾಡಿಕೊಂಡಳು. ಹೊಸ ಅಂಗಿ ಹೋಯಿತು. ಸ್ಟ್ರೆಚರ್ ತಂದರು.

ಮೇಷ್ಟ್ರು ಹಿಂದಿನ ಕುರ್ಚಿಯಲ್ಲಿ ಕೋಲು ಹಿಡಿದು ಕುಳಿತಿದ್ದರು. "ಏನಾಯ್ತಮ್ಮ? ಯಾಕೆ ಗದ್ದಲ?"

"ಟವೆಲ್ ಹಾಕ್ದೆ ಮೇಷ್ಟ್ರೇ."

"ಎಷ್ಟು ಬಾಕಿ ಇತ್ತು?"

"ನಲವತ್ತು ಸೆಕೆಂಡ್."

"ನಾನು ಹಾಕಿದಾಗ ಇಪ್ಪತ್ತೆರಡು ಇತ್ತು" ಎಂದರು.

ಅವರ ಪಕ್ಕದಲ್ಲಿ ನೆಲದ ಮೇಲೆ ಕುಳಿತೆ. ಅವರು ಕತ್ತಲಲ್ಲಿ ತಡಕುವವರಂತೆ ನನ್ನ ತಲೆ ಹುಡುಕಿ ಕೈ ಇಟ್ಟರು. ಕಚ್ಚುತ್ತೇನೆಂದು ಬರೆದಿದ್ದ ಕೈ. ಅತ್ತೆ.

ಜೂನ್ ೧೪, ಭಾನುವಾರ

ತಲೆಯೊಳಗೆ ಪೆಟ್ಟಾಗಿತ್ತಂತೆ. ಇನ್ನೊಂದು ಏಟು ಬಿದ್ದಿದ್ದರೆ ಏನು ಹೇಳಲೂ ಆಗುತ್ತಿರಲಿಲ್ಲ ಎಂದರು ಆಸ್ಪತ್ರೆಯಲ್ಲಿ. ಆರು ತಿಂಗಳು ರಿಂಗಿಗೆ ಇಳಿಯುವಂತಿಲ್ಲ. ಇವತ್ತು ಮನೆಗೆ ಕಳಿಸಿದರು. ಮೂರು ದಿನ ಹೋಗಿ ಬಾಗಿಲಲ್ಲಿ ನಿಂತೆ, ಗೋಡೆಯ ಕಡೆ ತಿರುಗಿ ಮಲಗಿದಳು. ಬೆಳ್ಳಿ ಪದಕ ಹಾಸಿಗೆಯ ಕೆಳಗೆ ಬಿದ್ದಿತ್ತು. ಎತ್ತಿ ಮೇಜಿನ ಮೇಲಿಟ್ಟು ಬಂದೆ. ಮಾತಾಡಲು ಅವಳಿಗೆ ಎರಡು ವರ್ಷ ಬೇಕಾದರೆ ಎರಡು ವರ್ಷ. ನನಗೆ ಆ ಲೆಕ್ಕ ಗೊತ್ತಿದೆ.

ಮಧ್ಯಾಹ್ನ ಅಕ್ಕ ನೀಲಿ ಅಂಗಿಯ ಕಲೆ ಉಜ್ಜುತ್ತ ಕೇಳಿದಳು. "ಗುರುವಾರ, ಹನ್ನೊಂದನೇ ತಾರೀಕು, ಏನಿತ್ತು ಅಂತ ನೆನಪಿದೆಯೇನೇ ನಿಂಗೆ?"

"ನೆನಪಿಲ್ದೆ ಏನು, ಫೈನಲ್ಲು."

"ಬೇರೆ?"

"ಬೇರೆ ಏನು? ಹೇಳು."

ನನ್ನನ್ನೇ ನೋಡಿದಳು. ಏನು ಕಂಡಿತೋ, "ಏನಿಲ್ಲ ಬಿಡು" ಎಂದು ನಕ್ಕು ಮತ್ತೆ ಉಜ್ಜತೊಡಗಿದಳು. ಈ ಅಕ್ಕನದು ಯಾವಾಗಲೂ ಇದೇ, ಅರ್ಧ ಹೇಳುವುದು, ಅರ್ಧ ನುಂಗುವುದು.

ಸಂಜೆಗೆ ಕಂಡಕ್ಟರ್‌ನ ಮನೆಗೆ ಡಬ್ಬಿ ಕಳಿಸಿದೆ. ಖಾಲಿಯಾಗಿ ವಾಪಸು ಬಂತು. ಒಳಗೆ ಹಳೆಯ ಟಿಕೆಟ್ಟೊಂದು, ಅದರ ಹಿಂದೆ ಪೆನ್ಸಿಲಿನಲ್ಲಿ: "ಬನ್ನು ಇದ್ರೆ ಕಳಿಸಿ. ಈಗ ತೂಕ ನೋಡೋರು ಯಾರು."

ನಾಳೆ ಬೆಳಿಗ್ಗೆ ಮೊದಲು ಬೇಕರಿಗೆ ಹೋಗಬೇಕು. ಆಮೇಲೆ ಶಾಲೆಗೆ, ಹೊಸದಾಗಿ ಇಬ್ಬರು ಸೇರುತ್ತಾರಂತೆ. ತೂಕದ ಯಂತ್ರದ ಮುಳ್ಳು ಸ್ವಲ್ಪ ಬಲಕ್ಕೆ ವಾಲಿದೆ, ಸರಿಮಾಡಿಸಬೇಕು.